ಬರ್ಫ ತಿಕ್ಕಿ ಬೆಳ್ಳಗಾಗುವವರಿಗೆ ಒಂದಿಷ್ಟು ಬಿಸಿ ಮಾತು

ಮುಖಕ್ಕೆ ಬರ್ಫ ತಿಕ್ಕಿದರೆ ಯಾರೂ ಬೆಳ್ಳಗಾಗುವುದಿಲ್ಲ. ಪೂರ್ತಿ ಓದುವ ತಾಳ್ಮೆ ಎಲ್ಲರಿಗೂ ಇರುವುದಿಲ್ಲವಾದ್ದರಿಂದ ಈ ಮಾತನ್ನು ಮೊದಲ ಸಾಲಿನಲ್ಲೇ ಬರೆದುಬಿಟ್ಟಿದ್ದೇವೆ. ಇಷ್ಟೇ ಸಾಕು ಎನ್ನುವವರು ಇಲ್ಲಿಗೇ ನಿಲ್ಲಿಸಬಹುದು. "ಹಾಗಾದರೆ ಎಲ್ಲರೂ ಯಾಕೆ ತಿಕ್ಕುತ್ತಾರೆ?" ಎಂದು ಕೇಳುವವರು ಮುಂದೆ ಓದಿ. ನಮ್ಮ ಜಗಳ ಇರುವುದು ಆ "ಎಲ್ಲರೂ" ಜೊತೆಗೇ.

ನಾವು ಸೊಲ್ಲಾಪುರದ ಈಚೆಯ ಕನ್ನಡ ಸಾಲಿಯ ಮಾಸ್ತರು, ಅಕ್ಕೋರು. ನಮ್ಮ ಅಕ್ಕಲಕೋಟ, ಜತ್ತ, ದಕ್ಷಿಣ ಸೊಲ್ಲಾಪುರದ ಬೇಸಿಗೆ ಹೇಗಿರುತ್ತದೆ ಎಂದು ಉಂಡವರಿಗೇ ಗೊತ್ತು. ಏಪ್ರಿಲ್-ಮೇ ತಿಂಗಳಲ್ಲಿ 42, 43 ಡಿಗ್ರಿ ನಮಗೆ ಸುದ್ದಿಯೇ ಅಲ್ಲ. ಅಂಥ ಬಿಸಿಲಿನಲ್ಲಿ ಮುಖಕ್ಕೆ ತಣ್ಣಗೆ ಏನಾದರೂ ತಾಗಲಿ ಅನಿಸುವುದು ಸಹಜ, ಅದರಲ್ಲಿ ತಪ್ಪೇನೂ ಇಲ್ಲ. ಆದರೆ ಈಗ ಮೊಬೈಲಿನಲ್ಲಿ ಅರ್ಧ ನಿಮಿಷದ ವಿಡಿಯೋ ನೋಡಿದ ನಮ್ಮ ಎಂಟು, ಒಂಬತ್ತು, ಹತ್ತನೆಯ ತರಗತಿಯ ಹುಡುಗಿಯರು (ಹುಡುಗರೂ ಏನು ಕಡಿಮೆಯಿಲ್ಲ) ಮಾಡುತ್ತಿರುವುದು ಸೆಕೆಗೆ ಪರಿಹಾರವಲ್ಲ. ಫ್ರೀಜರಿನಿಂದ ತೆಗೆದ ಬರ್ಫಿನ ತುಂಡನ್ನು ಬರಿ ಚರ್ಮಕ್ಕೆ ಒತ್ತಿ ಹಿಡಿಯುತ್ತಾರೆ. ಲಿಂಬೆರಸವನ್ನೇ ಬರ್ಫ ಮಾಡಿ ಕೆನ್ನೆಗೆ ತಿಕ್ಕುತ್ತಾರೆ. ಬರ್ಫಿನ ನೀರು ತುಂಬಿದ ಬೋಗುಣಿಯಲ್ಲಿ ಮುಖ ಮುಳುಗಿಸಿ ಯಾರು ಹೆಚ್ಚು ಹೊತ್ತು ಉಸಿರು ಹಿಡಿಯುತ್ತಾರೆಂದು ಪಂದ್ಯ ಕಟ್ಟುತ್ತಾರೆ. ಮನೆಯಲ್ಲಿ ಫ್ರಿಜ್ಜು ಇಲ್ಲದವರು ಗೋಳಾ ಗಾಡಿಯವನ ಹತ್ತಿರ, ಕುಲ್ಫಿಯವನ ಹತ್ತಿರ ಒಂದು ತುಂಡು ಬೇಡಿ ತರುತ್ತಾರೆ. "ಅಕ್ಕೋರ, ಚುರುಚುರು ಅಂದ್ರ ಕೆಲಸ ಮಾಡಾಕತ್ತೈತಿ ಅಂತ ಅರ್ಥರಿ" ಎನ್ನುತ್ತಾರೆ! ಚುರುಚುರು ಅಂದರೆ ಚರ್ಮ ಸಾಕು ಮಾಡು ಎಂದು ಕೂಗುತ್ತಿದೆ ಎಂದು ಅವರಿಗೆ ಹೇಳುವವರು ಯಾರು?

ಇದರ ಬಗ್ಗೆ ದೊಡ್ಡವರಲ್ಲಿ ಎರಡು ಪಂಗಡಗಳಿವೆ. ಒಂದು ಪಂಗಡ "ಬರ್ಫ ಅಂದ್ರ ನೀರು, ನೀರಿನಿಂದ ಏನಾಗ್ತದ ಬಿಡ್ರಿ" ಎನ್ನುತ್ತದೆ. ಇನ್ನೊಂದು ಪಂಗಡ "ಓದೂದು ಬಿಟ್ಟು ಮಾರಿ ತಿಕ್ಕೋತ ಕೂತಾವ" ಎಂದು ಬೈದು ಮುಗಿಸುತ್ತದೆ. ನಮಗೆ ಎರಡೂ ಒಪ್ಪಿಗೆಯಿಲ್ಲ. ಮೊದಲನೆಯದು ಅಜ್ಞಾನ. ಎರಡನೆಯದು ಅದಕ್ಕಿಂತ ಕೆಟ್ಟದ್ದು, ಏಕೆಂದರೆ ಬೈಸಿಕೊಂಡ ಹುಡುಗಿ ಮರುದಿನ ಬಾಗಿಲು ಹಾಕಿಕೊಂಡು ಅದನ್ನೇ ಮಾಡುತ್ತಾಳೆ, ಏನಾದರೂ ಆದರೆ ಯಾರಿಗೂ ಹೇಳುವುದಿಲ್ಲ. ನಾವು ಬರ್ಫಿನ ವಿರೋಧಿಗಳಲ್ಲ. ಬರ್ಫನ್ನು ಗೊತ್ತಿಲ್ಲದೆ ಮುಟ್ಟುವುದರ ವಿರೋಧಿಗಳು.

ಬರ್ಫ ಅಂದರೆ ಬರೀ ನೀರಲ್ಲ

ಇದು ನಮ್ಮ ಹತ್ತನೆಯ ತರಗತಿಯ ವಿಜ್ಞಾನ ಪುಸ್ತಕದಲ್ಲೇ ಇದೆ. ಪುಣೆಯ ಬಾಲಭಾರತಿ ಕನ್ನಡದಲ್ಲೂ ಅಚ್ಚು ಹಾಕಿ ಕೊಡುವ ಪುಸ್ತಕದಲ್ಲಿ ಉಷ್ಣತೆಯ ಪಾಠವಿದೆ, ಅದರಲ್ಲಿ ಗುಪ್ತೋಷ್ಣ ಬರುತ್ತದೆ. ಒಂದು ಗ್ರಾಂ ಬರ್ಫ ಸೊನ್ನೆ ಡಿಗ್ರಿಯಲ್ಲೇ ಕರಗಿ ನೀರಾಗಲು 80 ಕ್ಯಾಲರಿ ಶಾಖ ಬೇಕು. ಅಷ್ಟೂ ಹೊತ್ತು ಅದರ ತಾಪಮಾನ ಒಂದು ಡಿಗ್ರಿಯೂ ಏರುವುದಿಲ್ಲ. ಈಗ ಲೆಕ್ಕ ಮಾಡಿ. 20 ಗ್ರಾಮಿನ ಒಂದು ತುಂಡು ಬರ್ಫ ಪೂರ್ತಿ ಕರಗಲು 1600 ಕ್ಯಾಲರಿ. ಅದೇ 20 ಗ್ರಾಂ ತಣ್ಣೀರು ಸೊನ್ನೆಯಿಂದ ನಮ್ಮ ಮುಖದ ಚರ್ಮದ ಬಿಸಿಗೆ, ಸುಮಾರು 33 ಡಿಗ್ರಿಗೆ, ಬರಲು ಬೇಕಾದದ್ದು 660 ಕ್ಯಾಲರಿ ಮಾತ್ರ. ತಣ್ಣೀರು ಮುಖಕ್ಕೆ ತಾಗಿದ ಕೂಡಲೇ ಬೆಚ್ಚಗಾಗುತ್ತ ಹೋಗುತ್ತದೆ. ಬರ್ಫ ಹಾಗಲ್ಲ, ಕೊನೆಯ ಹನಿಯಾಗುವವರೆಗೆ ಸೊನ್ನೆಯಲ್ಲೇ ಕೂತು ಶಾಖ ಹೀರುತ್ತದೆ. ಹೀರುವುದು ಎಲ್ಲಿಂದ? ಕೆನ್ನೆಯಿಂದ!

ಎರಡನೆಯ ಮಾತು. ಎಲ್ಲ ಬರ್ಫೂ ಸೊನ್ನೆ ಡಿಗ್ರಿಯಲ್ಲಿ ಇರುವುದಿಲ್ಲ. ಕರಗುತ್ತ ನೀರು ಬಿಡುತ್ತಿರುವ ಬರ್ಫ ಸೊನ್ನೆಯಲ್ಲಿರುತ್ತದೆ. ಫ್ರೀಜರಿನಿಂದ ಈಗಷ್ಟೇ ತೆಗೆದ, ಮೇಲೆ ಬಿಳಿ ಹೊಗೆಯಂತೆ ಕಾಣುವ, ಒದ್ದೆ ಬೆರಳಿಗೆ ಅಂಟಿಕೊಳ್ಳುವ ಬರ್ಫ ಸೊನ್ನೆಗಿಂತ 18 ಡಿಗ್ರಿ ಕೆಳಗೆ ಇರಬಹುದು. ಬೆರಳಿಗೆ ಯಾಕೆ ಅಂಟುತ್ತದೆ? ಬೆರಳಿನ ಮೇಲಿನ ತೇವವೇ ಹೆಪ್ಪುಗಟ್ಟುತ್ತದೆ, ಅದಕ್ಕೆ. ಕೆನ್ನೆ ಬೆರಳಿಗಿಂತ ಮೆತ್ತಗೆ, ತೆಳ್ಳಗೆ. ಅಂಟಿದ್ದನ್ನು ಎಳೆದರೆ ಮೇಲಿನ ಚರ್ಮವೂ ಎದ್ದು ಬರಬಹುದು.

ಇನ್ನು ಕುಲ್ಫಿಯವನ ಬರ್ಫ. ಕುಲ್ಫಿ ಕರಗಬಾರದೆಂದು ಅವನು ಬರ್ಫಿಗೆ ಉಪ್ಪು ಹಾಕಿರುತ್ತಾನೆ. ಉಪ್ಪು ಬೆರೆಸಿದ ಬರ್ಫ ಕರಗುತ್ತಲೇ ಸೊನ್ನೆಗಿಂತ ಕೆಳಗಿಳಿಯುತ್ತದೆ, ಸರಿಯಾದ ಪ್ರಮಾಣದಲ್ಲಿ ಬೆರೆತರೆ ಸೊನ್ನೆಗಿಂತ 21 ಡಿಗ್ರಿ ಕೆಳಗೆ ಹೋಗುತ್ತದೆ. ನೀರು ಬಿಡುತ್ತಿದೆ, ಅಂದರೆ ಸೊನ್ನೆಯಲ್ಲಿದೆ ಎಂಬ ಲೆಕ್ಕ ಅಲ್ಲಿ ನಡೆಯುವುದಿಲ್ಲ. ಬೇರೆ ದೇಶಗಳಲ್ಲಿ ಮಕ್ಕಳು ಕೈಮೇಲೆ ಉಪ್ಪು ಸುರಿದು ಬರ್ಫ ಒತ್ತಿ ಹಿಡಿಯುವ ಪಂದ್ಯ ಆಡಿ ಸುಟ್ಟ ಗಾಯ ಮಾಡಿಕೊಂಡು ಆಸ್ಪತ್ರೆಗೆ ಹೋಗಿದ್ದಾರೆ. ಆ ಬರ್ಫ ಕುಲ್ಫಿಗೇ ಇರಲಿ, ಮುಖಕ್ಕೆ ಬೇಡವೇ ಬೇಡ.

ಪೇಟೆಯಲ್ಲಿ ಸಿಗುವ ಜೆಲ್ ಚೀಲಗಳೂ ಹಾಗೆಯೇ. ಫ್ರೀಜರಿನಲ್ಲಿಟ್ಟರೂ ಕಲ್ಲಾಗುವುದಿಲ್ಲ, ಮೆತ್ತಗೇ ಇರುತ್ತವೆ. ಮೆತ್ತಗಿವೆ ಎಂದು ನಂಬಬೇಡಿ, ತಾಪಮಾನ ಸೊನ್ನೆಗಿಂತ ಎಷ್ಟೋ ಕೆಳಗಿರುತ್ತದೆ. ನಮಗೆ ಗೊತ್ತಿರುವ ಒಂದು ಮನೆಯಲ್ಲಿ ಅಕ್ಕನ ಮದುವೆಗೆ ಎಂಟು ದಿನ ಇರುವಾಗ ತಂಗಿ ಇಂಥ ಚೀಲವನ್ನು ಎಡಗೆನ್ನೆಗೆ ಇಟ್ಟುಕೊಂಡು ಕಾಲು ಗಂಟೆ ಟಿವಿ ನೋಡಿದಳು. ಮೊದಲು ಉರಿಯಿತು, ಆಮೇಲೆ ಏನೂ ಅನಿಸಲಿಲ್ಲ. ಏನೂ ಅನಿಸಲಿಲ್ಲವೆಂದು ಹಾಗೇ ಬಿಟ್ಟಳು. ಸಂಜೆಗೆ ಕೆಂಪು, ಮರುದಿನ ಬೊಕ್ಕೆ, ಆಮೇಲೆ ತಿಂಗಳುಗಟ್ಟಲೆ ಕಪ್ಪು ಕಲೆ. ಮದುವೆಯ ಎಲ್ಲ ಫೋಟೋಗಳಲ್ಲೂ ಆ ಹುಡುಗಿ ಬಲಗಡೆ ತಿರುಗಿ ನಿಂತಿದ್ದಾಳೆ. ಸಲಹೆ ಕೊಟ್ಟ ಪಾರ್ಲರಿನವರು "ನಿಮ್ಮ ಚರ್ಮನೇ ಸರಿಯಿಲ್ಲ" ಎಂದು ಕೈತೊಳೆದುಕೊಂಡರು.

ಆ "ಏನೂ ಅನಿಸಲಿಲ್ಲ" ಎನ್ನುವುದೇ ಎಲ್ಲಕ್ಕಿಂತ ಅಪಾಯದ ಘಳಿಗೆ. ಬರ್ಫ ಇಟ್ಟಾಗ ಮೊದಲು ತಣ್ಣಗೆ ಅನಿಸುತ್ತದೆ, ಆಮೇಲೆ ಉರಿ, ಆಮೇಲೆ ಸೆಳೆತದ ನೋವು, ಕೊನೆಗೆ ಜೋಮು. ಚರ್ಮದ ಬಿಸಿ 10-15 ಡಿಗ್ರಿಗೆ ಇಳಿದಾಗ ನೋವು ತಿಳಿಸುವ ನರಗಳು ಮಂಕಾಗುತ್ತವೆ. ಮನೆಗೆ ಕಳ್ಳ ಬಂದಾಗ ನಾಯಿ ಬೊಗಳುವುದನ್ನು ನಿಲ್ಲಿಸಿದರೆ ಕಳ್ಳ ಹೋದನೆಂದು ಅರ್ಥವೇ?

ಬೆಳ್ಳಗಿರುವುದೆಲ್ಲ ಹಾಲಲ್ಲ

ಈಗ ಬಣ್ಣದ ಮಾತಿಗೆ ಬರೋಣ. ನಮ್ಮ ಚರ್ಮದ ಬಣ್ಣ ಮೆಲನಿನ್ ಎಂಬ ವರ್ಣಕದಿಂದ ಬರುತ್ತದೆ. ಬರ್ಫಿಗೂ ಅದನ್ನು ತೊಳೆಯುವುದಕ್ಕೂ ಸಂಬಂಧವಿಲ್ಲ. ಚಳಿ ತಾಗಿದಾಗ ಚರ್ಮದ ಮೇಲ್ಭಾಗದ ಸಣ್ಣ ರಕ್ತನಾಳಗಳು ಸಂಕೋಚಗೊಳ್ಳುತ್ತವೆ, ರಕ್ತ ಒಳಗೆ ಸರಿಯುತ್ತದೆ, ಮುಖ ಸ್ವಲ್ಪ ಹೊತ್ತು ಬಿಳಿಚಿಕೊಳ್ಳುತ್ತದೆ. ಬರ್ಫ ತೆಗೆದ ಮೇಲೆ ರಕ್ತ ಮರಳಿ ನುಗ್ಗುತ್ತದೆ, ಕೆಂಪಾಗಿ ಹೊಳೆದಂತೆ ಕಾಣುತ್ತದೆ. ವಿಡಿಯೋದವರು "ಗ್ಲೋ" ಎಂದು ಮಾರುವುದು ಇದನ್ನೇ. ಹೆದರಿದವನ ಮುಖವೂ ಬಿಳಿಚುತ್ತದೆ, ನಾಚಿದವಳ ಮುಖವೂ ಕೆಂಪಾಗುತ್ತದೆ. ಅದಕ್ಕೆ ಯಾರಾದರೂ ದುಡ್ಡು ಕೇಳುತ್ತಾರೆಯೇ? ಚಳಿಯಲ್ಲಿ ರಕ್ತನಾಳ ಸಂಕೋಚಗೊಂಡು, ಆಮೇಲೆ ತಾನೇ ಹಿಗ್ಗಿ, ಮತ್ತೆ ಸಂಕೋಚಗೊಳ್ಳುವ ಆಟವನ್ನು ಥಾಮಸ್ ಲೂಯಿಸ್ ಎಂಬ ಇಂಗ್ಲೆಂಡಿನ ವೈದ್ಯ 1930ರಲ್ಲೇ ಬೆರಳುಗಳ ಮೇಲೆ ಪರೀಕ್ಷಿಸಿ ಬರೆದಿದ್ದಾನೆ. ಅವನು ಅದನ್ನು ದೇಹದ ರಕ್ಷಣೆಯ ಉಪಾಯವಾಗಿ ನೋಡಿದ, ಸೌಂದರ್ಯವೆಂದು ಮಾರಲಿಲ್ಲ.

ಆದರೆ ಚಳಿ ಚರ್ಮವನ್ನು ನಿಜವಾಗಿಯೂ ಬೆಳ್ಳಗೆ ಮಾಡುವ ಒಂದು ದಾರಿ ಇದೆ. ಅದನ್ನು ಕೇಳಿದರೆ ಬೆಳ್ಳಗಾಗುವ ಆಸೆಯೇ ಇಳಿದುಹೋಗುತ್ತದೆ. ಮೆಲನಿನ್ ತಯಾರಿಸುವ ಜೀವಕೋಶಗಳು ಚರ್ಮದ ಉಳಿದ ಜೀವಕೋಶಗಳಿಗಿಂತ ಚಳಿಗೆ ಬೇಗ ಸಾಯುತ್ತವೆ. ಸೊನ್ನೆಗಿಂತ 4ರಿಂದ 7 ಡಿಗ್ರಿ ಕೆಳಗೆ ಹೋದರೆ ಸಾಕು. ಚರ್ಮದ ಡಾಕ್ಟರು ನರುಳ್ಳಿ ಸುಡಲು ಸೊನ್ನೆಗಿಂತ 196 ಡಿಗ್ರಿ ಕೆಳಗಿನ ದ್ರವ ಸಾರಜನಕ ಬಳಸಿದಾಗ ಆ ಜಾಗದಲ್ಲಿ ಕೆಲವೊಮ್ಮೆ ಬಿಳಿ ಕಲೆ ಉಳಿಯುವುದು ಇದಕ್ಕೇ. ಕೆಲವು ದೇಶಗಳಲ್ಲಿ ದನಗಳಿಗೆ ಕಾದ ಕಬ್ಬಿಣದ ಬದಲು ಅತಿ ತಣ್ಣಗಿನ ಲೋಹದ ಅಚ್ಚು ಒತ್ತುತ್ತಾರೆ. ಕಪ್ಪು ದನದ ಮೈಮೇಲೆ ಆ ಜಾಗದಲ್ಲಿ ಬಿಳಿ ಕೂದಲೇ ಹುಟ್ಟುತ್ತದೆ. ಅಂದರೆ ಚಳಿ ಮುಖವನ್ನು ಬೆಳ್ಳಗೆ ಮಾಡುವುದಿದ್ದರೆ ಹೀಗೆ ಮಾಡುತ್ತದೆ, ಮಚ್ಚೆ ಮಚ್ಚೆಯಾಗಿ. ನಮ್ಮ ಊರುಗಳಲ್ಲಿ ಹುಡುಗಿಯ ಕೆನ್ನೆಯ ಮೇಲೆ ಒಂದು ಬಿಳಿ ಕಲೆ ಬಂದರೆ ಜನ ಏನೆನ್ನುತ್ತಾರೆ? "ತೊನ್ನು" ಎನ್ನುತ್ತಾರೆ. ತೊನ್ನು ಅಂಟುಜಾಡ್ಯವಲ್ಲ, ಪಾಪದ ಫಲವೂ ಅಲ್ಲ, ಅದು ಇದ್ದವರನ್ನು ದೂರ ಇಡುವುದೇ ದೊಡ್ಡ ಪಾಪ. ಆದರೂ ಆ ಹುಡುಗಿ ಆ ಮಾತುಗಳನ್ನು ಕೇಳಬೇಕಾಗುತ್ತದೆ, ಬೆಳ್ಳಗಿಲ್ಲವೆಂದು ಯಾರೋ ಆಡಿದ ಮಾತು ಕೇಳಿ ಬರ್ಫ ಹಿಡಿದ ತಪ್ಪಿಗೆ!

ನಮ್ಮ ಗೋಧಿ ಬಣ್ಣದ, ಎಣ್ಣೆಗಪ್ಪು ಬಣ್ಣದ ಚರ್ಮಕ್ಕೆ ಇನ್ನೊಂದು ಗುಣವಿದೆ. ಉರಿ, ಗಾಯ, ಮೊಡವೆ, ಏನೇ ಆದರೂ ಮಾಯ್ದ ಮೇಲೆ ಅಲ್ಲಿ ಕಪ್ಪು ಕಲೆ ಉಳಿಸಿಕೊಳ್ಳುತ್ತದೆ. ಬರ್ಫಿನ ಸಣ್ಣ ಸುಡುವಿಕೆಯೂ ಅಷ್ಟೇ. ಕೆಲವರಿಗೆ ಬಿಳಿ, ಹೆಚ್ಚಿನವರಿಗೆ ಕಪ್ಪು. ಹೇಗೇ ಆದರೂ ನಷ್ಟ ನಮ್ಮದೇ.

ಲಿಂಬೆರಸದ ಬರ್ಫ ಇದಕ್ಕಿಂತ ಕೆಟ್ಟದ್ದು. ಇಂಡಿ ಕಡೆಯ ಲಿಂಬೆ ನಮ್ಮ ಸಂತೆಗೂ ಬರುತ್ತದೆ, ಶರಬತ್ತಿಗೆ ಅದರಷ್ಟು ಒಳ್ಳೆಯದು ಬೇರೊಂದಿಲ್ಲ. ಆದರೆ ಲಿಂಬೆಯ ರಸ, ಸಿಪ್ಪೆಯ ಎಣ್ಣೆ ಚರ್ಮಕ್ಕೆ ತಾಗಿ ಮೇಲೆ ಬಿಸಿಲು ಬಿದ್ದರೆ ಸುಟ್ಟಂತೆ ಕೆಂಪಾಗಿ, ಬೊಕ್ಕೆ ಎದ್ದು, ಆಮೇಲೆ ಕಂದು ಪಟ್ಟೆ ಬೀಳುತ್ತದೆ. ಇದು ವೈದ್ಯರಿಗೆ ಚೆನ್ನಾಗಿ ಗೊತ್ತಿರುವ ವಿಷಯ. ಬೆಳಿಗ್ಗೆ ಲಿಂಬೆ ಬರ್ಫ ತಿಕ್ಕಿ, ಆಮೇಲೆ ಎರಡು ಕಿಲೋಮೀಟರ್ ಸೈಕಲ್ ತುಳಿದು ಸಾಲಿಗೆ ಬರುವ ಹುಡುಗಿಯನ್ನು ನೆನೆಸಿಕೊಳ್ಳಿ.

ರಂಧ್ರ ಮುಚ್ಚುತ್ತದಂತೆ, ಮೊಡವೆ ಹೋಗುತ್ತದಂತೆ

"ಬಿಸಿ ಹಬೆ ಕೊಟ್ಟರೆ ರಂಧ್ರ ತೆರೆಯುತ್ತವೆ, ಬರ್ಫ ಇಟ್ಟರೆ ಮುಚ್ಚುತ್ತವೆ." ಇದನ್ನು ಎಷ್ಟು ಜನ ಎಷ್ಟು ಸಲ ಹೇಳಿದ್ದಾರೋ! ಮುಖದ ರಂಧ್ರವೆಂದರೆ ಕೂದಲಿನ ಬುಡದ ಬಾಯಿ, ಒಳಗೆ ಜಿಡ್ಡಿನ ಗ್ರಂಥಿ ಇರುತ್ತದೆ. ಆ ಬಾಯಿಗೆ ಕದವಿಲ್ಲ, ಅದನ್ನು ಮುಚ್ಚಿ ತೆರೆಯುವ ಸ್ನಾಯುವೂ ಇಲ್ಲ. ಚಳಿಗೆ ಚರ್ಮ ಬಿಗಿಯಾಗಿ ರಂಧ್ರ ಸಣ್ಣದಾಗಿ ಕಾಣಬಹುದು, ಸ್ವಲ್ಪ ಹೊತ್ತಿನಲ್ಲಿ ಮತ್ತೆ ಮೊದಲಿನಂತೆ. ಬಿಸಿ ಹಬೆ, ಹಿಂದೆಯೇ ಬರ್ಫ ಎಂಬ ಆಟದಿಂದ ಬೇಗ ಕೆಂಪೇರುವ ಚರ್ಮದವರಿಗೆ ತೊಂದರೆ ಹೆಚ್ಚಾಗುತ್ತದೆ.

ಮೊಡವೆಯ ವಿಷಯದಲ್ಲಿ ಒಂದು ಸತ್ಯ ಒಪ್ಪಿಕೊಳ್ಳೋಣ. ಊದಿ ನೋಯುವ ದೊಡ್ಡ ಮೊಡವೆಗೆ ಬಟ್ಟೆಯಲ್ಲಿ ಸುತ್ತಿದ ಬರ್ಫ ಒಂದು ನಿಮಿಷ ಇಟ್ಟರೆ ಊತ, ನೋವು ಸ್ವಲ್ಪ ಇಳಿಯುತ್ತದೆ. ನಿದ್ದೆಗೆಟ್ಟು ಊದಿದ ಕಣ್ಣಿಗೂ ತಂಪು ಪಟ್ಟಿಯಿಂದ ಸ್ವಲ್ಪ ಹೊತ್ತು ಉಪಶಮನ ಸಿಗುತ್ತದೆ. ಇಷ್ಟು ನಿಜ. ಆದರೆ ಮೊಡವೆ ಹುಟ್ಟುವುದು ಜಿಡ್ಡು ಹೆಚ್ಚಾಗಿ, ರಂಧ್ರದ ಬಾಯಿ ಕಟ್ಟಿ, ಒಳಗೆ ಬ್ಯಾಕ್ಟೀರಿಯಾ ಬೆಳೆದು ಉರಿಯೂತವಾಗಿ. ಬರ್ಫ ಇವುಗಳಲ್ಲಿ ಕೊನೆಯದನ್ನು ಸ್ವಲ್ಪ ಹೊತ್ತು ತಣಿಸುತ್ತದೆ, ಮೊದಲಿನವುಗಳನ್ನು ಮುಟ್ಟುವುದೇ ಇಲ್ಲ. ಹೋಗದ ಮೊಡವೆಗೆ ಡಾಕ್ಟರರೇ ಬೇಕು.

ಮೆಡಿಕಲ್ ಅಂಗಡಿಯ "ಬೆಳ್ಳಗಾಗುವ ಟ್ಯೂಬು" ಹಚ್ಚುವವರು ಇನ್ನೂ ಎಚ್ಚರವಾಗಿರಬೇಕು. ಅವುಗಳಲ್ಲಿ ಎಷ್ಟೋ ಸ್ಟೀರಾಯ್ಡ್ ಮುಲಾಮುಗಳು. ಇಂಥ 14 ಮುಲಾಮುಗಳನ್ನು ಡಾಕ್ಟರ ಚೀಟಿಯಿಲ್ಲದೆ ಮಾರಬಾರದೆಂದು ಕೇಂದ್ರ ಸರ್ಕಾರ 2018ರಲ್ಲಿ ನಿಯಮ ಮಾಡಿತು. ಅವುಗಳನ್ನು ತಿಂಗಳುಗಟ್ಟಲೆ ಹಚ್ಚಿದ ಮುಖದ ಚರ್ಮ ತೆಳ್ಳಗಾಗಿರುತ್ತದೆ. ಅದರ ಮೇಲೆ ಬರ್ಫ ಇಡುವುದೆಂದರೆ ಹರಿದ ಸೀರೆಗೆ ಕಲ್ಲಿನ ಮೇಲೆ ಒಗೆತ.

ಯಾರು ಬರ್ಫ ಮುಟ್ಟಲೇಬಾರದು

ಕೆಲವರಿಗೆ ಚಳಿ ತಾಗಿದರೆ ಪಿತ್ತದ ಗಂಧೆಯಂತೆ ದದ್ದು ಏಳುತ್ತದೆ, ಅದೂ ಬರ್ಫ ತೆಗೆದು ಚರ್ಮ ಮತ್ತೆ ಬೆಚ್ಚಗಾಗುವಾಗ. ಇದು ಚಳಿಯ ಅಲರ್ಜಿ. ಡಾಕ್ಟರರು ಮುಂಗೈ ಮೇಲೆ ಐದು ನಿಮಿಷ ಬರ್ಫ ಇಟ್ಟು ಇದನ್ನು ಗುರುತಿಸುತ್ತಾರೆ, ಮನೆಯಲ್ಲಿ ನೀವೇ ಪ್ರಯೋಗ ಮಾಡಬೇಡಿ. ಇಂಥವರು ಬರ್ಫಿನ ನೀರಿನಲ್ಲಿ ಮುಖ ಮುಳುಗಿಸಿದರೆ ತುಟಿ, ಗಂಟಲು ಊದಿ ಉಸಿರಿಗೇ ತೊಂದರೆಯಾಗಬಹುದು.

ಹೃದಯದ ತೊಂದರೆ ಇರುವವರು ಬೋಗುಣಿಯಲ್ಲಿ ಮುಖ ಮುಳುಗಿಸುವ ಆಟ ಆಡಲೇಬಾರದು. ತಣ್ಣೀರಿನಲ್ಲಿ ಮುಖ ಮುಳುಗಿ ಉಸಿರು ಹಿಡಿದಾಗ ಮುಖದ ನರದ ಮೂಲಕ ಸುದ್ದಿ ಹೋಗಿ ಹೃದಯದ ಬಡಿತ ನಿಧಾನವಾಗುತ್ತದೆ. ನೀರಿನಲ್ಲಿ ಮುಳುಗುವ ಪ್ರಾಣಿಗಳಲ್ಲಿ ಇದು ಇನ್ನೂ ಜೋರು. ಕೆಲವು ಬಗೆಯ ಅತಿವೇಗದ ಬಡಿತವನ್ನು ತಡೆಯಲು ಡಾಕ್ಟರರೇ ಇದನ್ನು ಬಳಸಿದ್ದುಂಟು. ಆಸ್ಪತ್ರೆಯಲ್ಲಿ ಔಷಧಿಯಾಗಿ ಬಳಸುವುದನ್ನು ಹಿತ್ತಲಲ್ಲಿ ಪಂದ್ಯ ಕಟ್ಟಿ ಆಡುತ್ತೀರಾ? ತಲೆಶೂಲೆ ಇರುವವರಿಗೂ, ಚಳಿಗೆ ಬೆರಳು ಬೆಳ್ಳಗೆ, ನೀಲಿ ಆಗುವವರಿಗೂ, ಮುಖದಲ್ಲಿ ಸ್ಪರ್ಶ ಕಡಿಮೆ ಇರುವವರಿಗೂ, ಹಲ್ಲು ಕೀಳಿಸಿಕೊಂಡು ಕೆನ್ನೆ ಜೋಮು ಹಿಡಿದಿರುವವರಿಗೂ ಇದು ಬೇಡ.

ಚಿಕ್ಕ ಮಕ್ಕಳಿಗಂತೂ ಬೇಡವೇ ಬೇಡ. 1970ರಲ್ಲಿ ಅಮೆರಿಕದ ವೈದ್ಯರು ಐಸ್ ಕ್ಯಾಂಡಿ ಚೀಪಿದ ಮಗುವಿನ ಕೆನ್ನೆಯಲ್ಲಿ ಕೆಂಪು ಗಂಟು ಬಂದದ್ದನ್ನು ವರದಿ ಮಾಡಿ, ಆ ರೋಗಕ್ಕೆ ಐಸ್ ಕ್ಯಾಂಡಿಯ ಹೆಸರನ್ನೇ ಇಟ್ಟರು. ಎಳೆಯ ಮಕ್ಕಳ ಕೆನ್ನೆಯ ಕೊಬ್ಬು ದೊಡ್ಡವರದಕ್ಕಿಂತ ಬೇಗ ಗಟ್ಟಿಯಾಗುತ್ತದೆ, ಚಳಿಗಾಲದಲ್ಲಿ ಕೊಬ್ಬರಿ ಎಣ್ಣೆ ಹೆಪ್ಪುಗಟ್ಟಿದ ಹಾಗೆ. ಗಂಟು ಕಾಣುವುದು ಒಂದೆರಡು ದಿನ ಬಿಟ್ಟು, ಅಷ್ಟರಲ್ಲಿ ಬರ್ಫ ಇಟ್ಟದ್ದೇ ಮರೆತಿರುತ್ತದೆ. ಕೆಲವು ವಾರಗಳಲ್ಲಿ ತಾನೇ ಹೋಗುತ್ತದೆ, ಆದರೆ ಅಷ್ಟು ದಿನ ತಾಯಿಯ ಜೀವ ಕೈಯಲ್ಲಿ.

ಬರ್ಫ ಎಲ್ಲಿಯದು?

ಮುಖಕ್ಕೆ ಇಡುವ ಬರ್ಫ ಕುಡಿಯುವ ನೀರಿನದ್ದೇ ಆಗಿರಬೇಕು. 2018ರಲ್ಲಿ ಮಹಾರಾಷ್ಟ್ರದ ಅನ್ನ ಮತ್ತು ಔಷಧ ಆಡಳಿತ ಒಂದು ಆದೇಶ ಹೊರಡಿಸಿತು. ತಿನ್ನಲಾಗದ, ಬರೀ ಸಾಮಾನು ತಣ್ಣಗಿಡಲು ಮಾಡುವ ಬರ್ಫಿಗೆ ನೀಲಿ ಬಣ್ಣ ಬೆರೆಸಬೇಕು ಎಂದು. ಯಾಕೆ ಬೇಕಾಯಿತು ಅಂಥ ಆದೇಶ? ಮೀನಿಗೆ, ಹೆಣಕ್ಕೆ ಬಳಸುವ ಬರ್ಫೂ ಶರಬತ್ತಿನ ಬರ್ಫೂ ಕಣ್ಣಿಗೆ ಒಂದೇ ಥರ ಕಾಣುತ್ತವೆ, ಅದಕ್ಕೆ. ಗೋಣಿಚೀಲದಲ್ಲಿ ಸುತ್ತಿ, ನೆಲದ ಮೇಲೆ ಎಳೆದು ತಂದ ಗಡ್ಡೆಯನ್ನು ಒಡೆದ ಮೊಡವೆಯ ಮೇಲೆ ತಿಕ್ಕುವವರಿಗೆ ಬೇರೆ ಏನು ಹೇಳೋಣ?

ಸರಿ, ಹಾಗಾದರೆ ಹೇಗೆ?

ಬೇಡ ಎಂದು ಹೇಳಿ ಓಡಿಹೋಗುವವರಲ್ಲ ನಾವು. ಮಾಡಲೇಬೇಕೆನ್ನುವವರು ಇಷ್ಟು ಪಾಲಿಸಲಿ.

1. ಮೊದಲು ಕೈ, ಮುಖ ತೊಳೆಯಿರಿ. ಕುಡಿಯುವ ನೀರಿನ ಬರ್ಫ ತೆಗೆದುಕೊಳ್ಳಿ. ಫ್ರೀಜರಿನಿಂದ ತೆಗೆದು, ನೀರು ಬಿಡಲು ಶುರುವಾಗುವವರೆಗೆ ಕಾಯಿರಿ.

2. ಒಗೆದ ಹತ್ತಿ ಬಟ್ಟೆಯಲ್ಲಿ ಸುತ್ತಿ. ಬರಿ ಬರ್ಫ ಚರ್ಮಕ್ಕೆ ಬೇಡ.

3. ಒಂದೇ ಕಡೆ ಒತ್ತಿ ಹಿಡಿಯಬೇಡಿ, ಆಡಿಸುತ್ತಿರಿ. ಒಂದು ಜಾಗಕ್ಕೆ ಒಂದು ನಿಮಿಷಕ್ಕಿಂತ ಹೆಚ್ಚು ಬೇಡ, ಇಡೀ ಮುಖಕ್ಕೆ ಐದು ನಿಮಿಷ ಸಾಕು. ದಿನಕ್ಕೆ ಒಂದೇ ಸಲ. ಕಣ್ಣಿನ ಸುತ್ತ ಚರ್ಮ ಬಹಳ ತೆಳು, ಅಲ್ಲಿ ಬರ್ಫ ಬಿಟ್ಟು ತಣ್ಣೀರ ಬಟ್ಟೆ ಇಡಿ.

4. ಉರಿ, ನೋವು, ಜೋಮು, ಬಿಳಿಚಿಕೆ, ಇವುಗಳಲ್ಲಿ ಯಾವುದು ಕಂಡರೂ ತಕ್ಷಣ ತೆಗೆಯಿರಿ. ಗಡಿಯಾರ ನೋಡಬೇಡಿ.

5. ಗಾಯ, ಒಡೆದ ಮೊಡವೆ, ಬಿಸಿಲಿಗೆ ಸುಟ್ಟ ಚರ್ಮ, ಆಗಷ್ಟೇ ವ್ಯಾಕ್ಸ್ ಮಾಡಿಸಿದ ಜಾಗ, ಚರ್ಮ ಸುಲಿಯುವ ಔಷಧಿ ಹಚ್ಚಿದ ಮುಖ, ಇವಕ್ಕೆ ಬೇಡ.

6. ಮುಖಕ್ಕೆ ಉಜ್ಜುವ ಉರುಳೆ ಇದ್ದರೆ ಫ್ರೀಜರಿನಲ್ಲಿ ಇಡಬೇಡಿ, ಕೆಳಗಿನ ಖಾನೆಯಲ್ಲಿ ಇಡಿ. ಪ್ರತಿಸಲ ಸೋಪಿನಿಂದ ತೊಳೆಯಿರಿ. ಸ್ಟೀಲ್ ಚಮಚೆಯೂ ಅದೇ ಕೆಲಸ ಮಾಡುತ್ತದೆ.

7. ಮುಗಿದ ಮೇಲೆ ಒತ್ತಿ ಒರೆಸಿ, ತಿಕ್ಕಬೇಡಿ. ಚರ್ಮ ಒಣಗುವವರು ಮುಲಾಮು ಹಚ್ಚಲಿ.

ಬರ್ಫಿನಿಂದ ಸುಟ್ಟೇಬಿಟ್ಟಿತು ಎಂದಾದರೆ? ಬರ್ಫ ತೆಗೆದು, ಉಗುರುಬೆಚ್ಚಗಿನ ನೀರಿನಲ್ಲಿ ಅದ್ದಿದ ಬಟ್ಟೆಯನ್ನು ಮೃದುವಾಗಿ ಇಡಿ. ತಿಕ್ಕಬೇಡಿ, ತವೆಯ ಕಾವು ಕೊಡಬೇಡಿ, ಕುದಿ ನೀರು ಬೇಡ, ಜೋಮು ಹಿಡಿದ ಚರ್ಮಕ್ಕೆ ಬಿಸಿಯೂ ತಿಳಿಯುವುದಿಲ್ಲ. ಬೊಕ್ಕೆ ಎದ್ದರೆ ಒಡೆಯಬೇಡಿ. ಚರ್ಮ ಬೆಳ್ಳಗೆ ಗಟ್ಟಿಯಾಗಿ ಉಳಿದರೆ, ಜೋಮು ಬಿಡದಿದ್ದರೆ, ಬೊಕ್ಕೆ ಬಂದರೆ ಅಂದೇ ಡಾಕ್ಟರ ಹತ್ತಿರ ಹೋಗಿ. ಇನ್ನೊಂದು ಮಾತು: ಒಲೆಯ ಬೆಂಕಿಗೆ, ಎಣ್ಣೆಗೆ ಸುಟ್ಟಾಗ ಬರ್ಫ ಇಡುವ ರೂಢಿಯೂ ನಮ್ಮಲ್ಲಿ ಇದೆ. ಅದೂ ತಪ್ಪು. ಸುಟ್ಟ ಜಾಗಕ್ಕೆ 20 ನಿಮಿಷ ಹರಿಯುವ ತಣ್ಣೀರು ಹಾಕಬೇಕು, ಬರ್ಫಲ್ಲ.

ಇಷ್ಟೆಲ್ಲ ಕಷ್ಟ ಯಾಕೆ ಎನ್ನುವವರಿಗೆ ನಮ್ಮ ಬಳಿ ಒಂದು ಹಳೆಯ ಉಪಾಯವಿದೆ. ಮಣ್ಣಿನ ಗಡಿಗೆಯ ನೀರು! ಒದ್ದೆ ಬಟ್ಟೆಯಲ್ಲಿ ಮುಖ ಒತ್ತಿಕೊಂಡು ಗಾಳಿಗೆ ಕುಳಿತುಕೊಳ್ಳಿ. ಒಂದು ಗ್ರಾಂ ನೀರು ಆವಿಯಾಗಲು ಅಷ್ಟೇ ಬರ್ಫ ಕರಗಲು ಬೇಕಾಗುವುದರ ಸುಮಾರು 7 ಪಟ್ಟು ಶಾಖ ಬೇಕು. ಆದರೆ ಅದು ನಿಧಾನವಾಗಿ ಹೀರುತ್ತದೆ, ಸುಡುವುದಿಲ್ಲ. ನಮ್ಮ ಒಣ ಹವೆಯಲ್ಲಿ ಇದು ಚೆನ್ನಾಗಿ ಕೆಲಸ ಮಾಡುತ್ತದೆ. ಕಾಸರಗೋಡಿನ ಗೆಳೆಯರಿಗೆ ಅವರ ಜಿಗುಟು ಸೆಕೆಯಲ್ಲಿ ಅಷ್ಟು ಉಪಯೋಗವಾಗಲಿಕ್ಕಿಲ್ಲ, ಆ ಮಾತು ಬೇರೆ. ಕರೆಂಟು ಬೇಡ, ಫ್ರಿಜ್ಜು ಬೇಡ, ದುಡ್ಡೂ ಬೇಡ. ಬಹುಶಃ ದುಡ್ಡು ಬೇಡದ್ದಕ್ಕೇ ಇದರ ವಿಡಿಯೋ ಯಾರೂ ಮಾಡುವುದಿಲ್ಲ.

ಎದುರು ಮಾತುಗಳಿಗೆ ಉತ್ತರ

"ಸಿನಿಮಾದವರು ಮಾಡ್ತಾರಲ್ಲ?" ಮಾಡುತ್ತಾರೆ. ಅವರ ಪಕ್ಕದಲ್ಲಿ ಚರ್ಮದ ಡಾಕ್ಟರು ಇದ್ದಾರೆ, ಮೇಕಪ್ಪಿನವರು ಇದ್ದಾರೆ, ದೀಪ ಹಿಡಿಯುವವರು ಇದ್ದಾರೆ. ತೆರೆಯ ಮೇಲೆ ಕಾಣುವುದು ಬೋಗುಣಿ ಮಾತ್ರ.

"ನಾನು ವರ್ಷದಿಂದ ಮಾಡ್ತೀನಿ, ನನಗೇನೂ ಆಗಿಲ್ಲ." ಸಂತೋಷ. ಹೆಲ್ಮೆಟ್ ಇಲ್ಲದೆ ವರ್ಷದಿಂದ ಗಾಡಿ ಓಡಿಸುವವರೂ ಇದೇ ಮಾತು ಹೇಳುತ್ತಾರೆ.

"ಮಾಸ್ತರಿಗೆ ಇದೆಲ್ಲ ಯಾಕೆ? ಪಾಠ ಮಾಡಲಿ." ಪಾಠವೇ ಮಾಡುತ್ತಿದ್ದೇವೆ ಸ್ವಾಮಿ! ಗುಪ್ತೋಷ್ಣದ ಲೆಕ್ಕ ಪರೀಕ್ಷೆಗೆ ಮಾತ್ರ, ಕೆನ್ನೆಗೆ ಅಲ್ಲ ಎಂದು ಯಾವ ಪುಸ್ತಕದಲ್ಲಿ ಬರೆದಿದೆ? ಕಲಿತ ವಿಜ್ಞಾನ ಸ್ವಂತ ಮುಖವನ್ನೇ ಕಾಯಲಾರದಿದ್ದರೆ ಅದಕ್ಕೆ ನೂರಕ್ಕೆ ನೂರು ಅಂಕ ಬಂದು ಏನು ಉಪಯೋಗ?

ಈಗ ನಮ್ಮ ನಿಜವಾದ ಸಿಟ್ಟು. ಅದು ಹುಡುಗಿಯರ ಮೇಲಲ್ಲ. ಬೆಳ್ಳಗಿರುವುದೇ ಚೆಂದ ಎಂದು ಅವರ ತಲೆಯಲ್ಲಿ ತುಂಬಿದವರ ಮೇಲೆ. 1975ರಲ್ಲಿ ಪೇಟೆಗೆ ಬಂದ ಫೇರ್ ಅಂಡ್ ಲವ್ಲಿ 2020ರಲ್ಲಿ ಹೆಸರು ಬದಲಿಸಿ ಗ್ಲೋ ಅಂಡ್ ಲವ್ಲಿ ಆಯಿತು. ಆದರೆ ವಧು ನೋಡಲು ಬಂದವರ ಬಾಯಿಯ ಮಾತು ಬದಲಾಯಿತೇ? "ಹುಡುಗಿ ಛಲೋ ಐತಿ, ಬಣ್ಣ ಒಂದು ಸ್ವಲ್ಪ..." ಎಂದು ಅರ್ಧಕ್ಕೆ ನಿಲ್ಲಿಸುವ ಆ ಮಾತಿದೆಯಲ್ಲ, ಅದು ಬರ್ಫಿಗಿಂತ ಹೆಚ್ಚು ಸುಡುತ್ತದೆ. ಅದನ್ನು ಆಡುವವರು ನಮ್ಮ ಮನೆಯ ದೊಡ್ಡವರೇ, ಬೇರೆ ಯಾರೂ ಅಲ್ಲ.

ಇನ್ನೊಂದು ಸಿಟ್ಟು ನಮ್ಮ ಕನ್ನಡದ ಪುರವಣಿಗಳ ಮೇಲೆ. ವಾರವಾರ "ಸೌಂದರ್ಯ ಸಲಹೆ" ಬರುತ್ತದೆ. "ಐಸ್ ತುಂಡಿನಿಂದ ಮಸಾಜ್ ಮಾಡಿ, ಕಾಂತಿ ಪಡೆಯಿರಿ." ಎಷ್ಟು ಹೊತ್ತು? ಬಟ್ಟೆಯಲ್ಲಿ ಸುತ್ತಿಯೋ, ಸುತ್ತದೆಯೋ? ಯಾರು ಮಾಡಬಾರದು? ಒಂದು ಸಾಲೂ ಇಲ್ಲ. ಗಡಿಯ ಈಚೆ ಕನ್ನಡ ಮಾತ್ರ ಓದಬಲ್ಲ ತಾಯಂದಿರು ಇದ್ದಾರೆ. ಜೆಲ್ ಚೀಲದ ಮೇಲೆ, ಮುಲಾಮಿನ ಡಬ್ಬಿಯ ಮೇಲೆ ಇಂಗ್ಲಿಷಿದೆ, ಎಲ್ಲೋ ಒಂದು ಕಡೆ ಹಿಂದಿ ಇದೆ. ಎಚ್ಚರಿಕೆ ಓದಲು ಬಾರದು, ಸಲಹೆ ಮಾತ್ರ ಓದಲು ಬರುತ್ತದೆ! ಅರ್ಧ ಮಾತು ಕನ್ನಡದಲ್ಲಿ, ಉಳಿದರ್ಧ ಬೇರೆ ಭಾಷೆಯಲ್ಲಿ ಸಿಕ್ಕಿದರೆ ಹೀಗೇ ಆಗುತ್ತದೆ. ಕನ್ನಡದಲ್ಲಿ ಬರೆಯುವವರು ಪೂರ್ತಿ ಬರೆಯಲಿ, ಇಲ್ಲವೇ ಬರೆಯದೆ ಇರಲಿ.

ಗಡಿಯಾಚೆ ಈಚೆ ಇರುವ ಶಿಕ್ಷಕ ಮಿತ್ರರಲ್ಲಿ ಒಂದು ವಿನಂತಿ. ಮೇಲಿನ ಏಳು ಅಂಶಗಳನ್ನು ಒಂದು ಹಾಳೆಯಲ್ಲಿ ಬರೆದು ನಿಮ್ಮ ಸಾಲಿಯ ಫಲಕಕ್ಕೆ ಅಂಟಿಸಿ. ನಮ್ಮ ಹೆಸರು ಹಾಕುವುದು ಬೇಡ. ಉಷ್ಣತೆಯ ಪಾಠ ಬಂದಾಗ ಒಂದು ತುಂಡು ಬರ್ಫ, ಒಂದು ಚಮಚೆ ಉಪ್ಪು, ಒಂದು ತಾಪಮಾಪಕ ತಂದು ಮೇಜಿನ ಮೇಲೆ ತೋರಿಸಿ. ಪಾದರಸ ಸೊನ್ನೆ ದಾಟಿ ಕೆಳಗಿಳಿಯುವುದನ್ನು ಕಣ್ಣಾರೆ ಕಂಡ ಹುಡುಗಿ ಕುಲ್ಫಿ ಗಾಡಿಯ ಬರ್ಫನ್ನು ಮುಖಕ್ಕೆ ಇಡುವುದಿಲ್ಲ. ಹತ್ತು ನಿಮಿಷದ ಕೆಲಸ. ಹತ್ತು ದಿನ ಬೈಯುವುದಕ್ಕಿಂತ ಇದು ಸುಲಭವಲ್ಲವೇ?

ಏನಂತೀರಿ?